ಟೀವಿ ಮುಂದೆ ದುರುಗಕ್ಕ
ನಮ್ಮ ಚಳ್ಳಕೆರೆಯ ಏಕಾಂತಪ್ಪನವರು ಬಡ ಮಕ್ಕಳಿಗಾಗಿ ನಡೆಸುತ್ತಿದ್ದ ಉಚಿತ ಹಾಸ್ಟೆಲಿನಲ್ಲಿ ಮೂವತ್ತು ವರ್ಷ ಅಡುಗೆ ಮಾಡಿದವಳು ದೇವಸಮುದ್ರದ ದುರುಗಕ್ಕ. ಏಕಾಂತಪ್ಪನವರು ತೀರಿಕೊಂಡ ಮೇಲೆ, ಎರಡು ಸಾವಿರದ ಇಸವಿಯಲ್ಲಿ, ಮಗ ವಿಶ್ವನಾಥ್ ಮನೆಯಲ್ಲಿದ್ದ ಹಾಸ್ಟೆಲಿನ ಹಳೆಯ ಫಿಲಂ ರೀಲುಗಳನ್ನು ವಿಡಿಯೊ ಕ್ಯಾಸೆಟ್ಟಿಗೆ ಹಾಕಿಸಿದರು. ಅದರೊಳಗಿನ ಮಕ್ಕಳು ಯಾರೆಂದು ಯಾರಿಗೂ ತಿಳಿಯದೆ, ದುರುಗಕ್ಕನನ್ನು ಕರೆಸಿದರು. ಅಂದಿನಿಂದ ಆಕೆ ಪ್ರತಿ ಸೋಮವಾರ ಬಸ್ಸಿಳಿದು ಬಂದು, ಟೀವಿಗೆ ಕೈಮುಗಿದು ಕೂರುತ್ತಾಳೆ. ಹತ್ತು ನಿಮಿಷದ ಕ್ಯಾಸೆಟ್ಟು ಆಕೆಯ ಮುಂದೆ ಮೂರು ಸೋಮವಾರ ಓಡುತ್ತದೆ. "ನಿಲ್ಸ್ರಿ ಸಾವ್ಕಾರ್ರೆ! ಇವ್ನು ರಾಂಪುರದ ಓಬಯ್ಯ. ಮೂರು ಮುದ್ದೆ ಉಂಡು ಇನ್ನೂ ತಟ್ಟೆ ಒಡ್ಡೋನು. ಈಗ ಮೇಷ್ಟ್ರು ಕಣ್ರಿ." ಮುಖವೇ ಬೇಕೆಂದಿಲ್ಲ, ಬೆನ್ನು ಕಂಡರೂ ಹೆಸರು ಹೇಳುತ್ತಾಳೆ, ನೆರಳು ಕಂಡರೂ ಊರು ಹೇಳುತ್ತಾಳೆ. ವಿಶ್ವನಾಥ್ ಎಲ್ಲವನ್ನೂ ನೋಟ್‌ಬುಕ್ಕಿನಲ್ಲಿ ಬರೆದುಕೊಳ್ಳುತ್ತಾರೆ. ಮೊನ್ನೆ ಅವರು, "ದುರುಗಕ್ಕಾ, ನೀನೆಲ್ಲೂ ಕಾಣ್ತಿಲ್ವಲ್ಲ?" ಎಂದು ಕೇಳಿದರು. ಆಗ ಟೀವಿಯ ಅಂಚಿನಿಂದ ಸಾರಿನ ಸೌಟು ಹಿಡಿದ ಕೈಯೊಂದು ಪಂಕ್ತಿಯತ್ತ ಚಾಚಿತು. ಅದರ ಮುಂಗೈಯಲ್ಲಿ ಹಚ್ಚೆಯಿತ್ತು. "ಅಗೋ, ಅದೇ ನಾನು," ಎಂದು ಆಕೆ ನಕ್ಕಳು. ವಿಶ್ವನಾಥ್ ಚಿತ್ರ ನಿಲ್ಲಿಸಿ, ನೋಟ್‌ಬುಕ್ಕಿನ ಮೊದಲ ಹಾಳೆಗೆ ಮರಳಿ, ಹಾಸ್ಟೆಲ್ ನಡೆಸಿದವರೆಂದು ಬರೆದಿದ್ದ ತಂದೆಯ ಹೆಸರಿನ ಪಕ್ಕದಲ್ಲೇ ಆಕೆಯ ಹೆಸರು ಬರೆದರು. ದುರುಗಕ್ಕನ ಕಣ್ಣು ಮಾತ್ರ ಟೀವಿಯ ಮೇಲೇ ಇತ್ತು. "ಮುಂದಕ್ಕೆ ಬಿಡ್ರಿ ಸಾವ್ಕಾರ್ರೆ," ಎಂದಳು, "ಆ ಕಡೆ ಹುಡುಗ್ರಿಗೆ ಇನ್ನೂ ಬಡಿಸಿಲ್ಲ."