ಶಿರಗುಪ್ಪಿಯಲ್ಲಿದ್ದ ಮೂಲ ಕಾಗದ

ವಕೀಲಿ ಶುರು ಮಾಡಿದ ಹೊಸದರಲ್ಲಿ ನನಗೊಂದು ಹುಚ್ಚು ಧೈರ್ಯವಿತ್ತು. ಸಾಕ್ಷ್ಯದ ಕಾನೂನನ್ನು ನನ್ನಷ್ಟು ಓದಿದವರು ಹುಬ್ಬಳ್ಳಿಯಲ್ಲಿ ಇನ್ನೊಬ್ಬರಿಲ್ಲ ಎಂದುಕೊಂಡಿದ್ದೆ. ಆ ಧೈರ್ಯ ಇಳಿಸಿದವರು ಗೋಕುಲ ರಸ್ತೆಯಲ್ಲಿ ಪಂಪ್‌ಸೆಟ್ ಮೋಟಾರು ರಿಪೇರಿ ಮಾಡುವ ಒಬ್ಬ ಚಾಚಾ, ನನ್ನದೇ ಕಕ್ಷಿದಾರರು.

ಸುಟ್ಟ ಮೋಟಾರಿಗೆ ಹೊಸ ತಾಮ್ರದ ತಂತಿ ಸುತ್ತಿ ಕಟ್ಟುವುದು ಅವರ ಕಸುಬು. ಅದೇ ಕಸುಬಿನ ಇನ್ನೊಬ್ಬ ಅಂಗಡಿಯವನು ಚಾಚಾರ ಗಿರಾಕಿಯಾದ ಶಿರಗುಪ್ಪಿಯ ಗೌಡರಿಗೆ ಕಾಗದ ಬರೆದಿದ್ದ: ಆ ಮುದುಕ ಹೊಸ ತಂತಿ ತೋರಿಸಿ ಹಳೆಯದನ್ನೇ ಸುತ್ತುತ್ತಾನೆ, ಹುಷಾರು. ಕೆಳಗೆ ಬಾಲ ಎಳೆದು ಸಹಿ ಬೇರೆ. ಚಾಡಿ ಹೇಳುವವರಲ್ಲಿ ಇಷ್ಟು ಪ್ರಾಮಾಣಿಕರು ಅಪರೂಪ. ಗೌಡರ ಊರಿನವರ‍್ಯಾರೋ ಅದರ ಝೆರಾಕ್ಸನ್ನು ಚಾಚಾರಿಗೆ ತಲುಪಿಸಿದ್ದರು. ಅದನ್ನು ಹಿಡಿದು ಮಾನನಷ್ಟದ ದಾವೆ ಹೂಡಲು ನನ್ನ ಬಳಿ ಬಂದರು.

"ಬ್ಯಾರೆ ಏನೂ ಬ್ಯಾಡ್ರಿ ಮೇಡಂ. ಆ ಕಾಗದ ಸುಳ್ಳು ಅಂತ ಕೋರ್ಟಿನ್ಯಾಗ ಅನಸ್ರಿ, ಸಾಕು."

ಮೂಲ ಕಾಗದ ಗೌಡರ ಹತ್ತಿರ ಇದೆ, ಅವರನ್ನು ಸಾಕ್ಷಿಗೆ ಕರೆಸೋಣ ಎಂದೆ.

"ಅವರನ್ಯಾಕ ಎಳೀತೀರಿ? ಇಪ್ಪತ್ತ ವರ್ಷದ ಗಿರಾಕಿ. ಇಂಥಾದ್ದ ನಂಬ್ತಾರೇನ್ರಿ ಅವರು?"

"ಈಗಲೂ ಅಂಗಡಿಗೆ ಬರ್ತಾರೇನ್ರಿ?"

"ಎಂಟ ತಿಂಗಳ ಆತು, ಬಂದಿಲ್ಲ." ಚಾಚಾ ಹೆಮ್ಮೆಯಿಂದ ನಕ್ಕರು. "ಯಾಕ ಬರ್ತಾರ? ಮೋಟಾರ ನಾ ಕಟ್ಟೇನಿ. ಕೆಡಬೇಕಲ್ಲ!"

ಈ ತರ್ಕದ ಮುಂದೆ ನನ್ನದೇನೂ ನಡೆಯಲಿಲ್ಲ. ಝೆರಾಕ್ಸನ್ನೇ ಹಿಡಿದು ಹೋದೆ. ಚಾಚಾ ಕಟಕಟೆಯಲ್ಲಿ ನಿಂತು ಸಾಕ್ಷಿ ಹೇಳುತ್ತಿದ್ದಾಗ ಠೀವಿಯಿಂದ ಅದನ್ನು ಮುಂದಿಟ್ಟೆ. ಎದುರು ವಕೀಲರು ಹಿರಿಯರು, ಕುರ್ಚಿಯಿಂದ ಏಳುವುದಕ್ಕೇ ಅರ್ಧ ನಿಮಿಷ ಬೇಕು ಅವರಿಗೆ. ಅಂದು ಮಾತ್ರ ಕಾಗದವನ್ನು ಸಾಕ್ಷ್ಯವಾಗಿ ಒಪ್ಪಿದ ಗುರುತಿಗೆ ಅದರ ಮೇಲೆ ಕೋರ್ಟಿನ ನಿಶಾನೆ ಬೀಳುವ ಮೊದಲೇ ಚಂಗನೆ ಎದ್ದರು.

"ಮೂಲ ಇರೂಮುಂದ ನಕಲು ನಡಿಯಾಂಗಿಲ್ಲ."

ನ್ಯಾಯಾಧೀಶರು ಕನ್ನಡಕದ ಮೇಲಿಂದ ನನ್ನನ್ನು ನೋಡಿ, "ಮೂಲ ಕಳೆದಿದೆಯೆ? ನಾಶವಾಗಿದೆಯೆ?" ಎಂದು ಕೇಳಿದರು.

"ಇಲ್ಲ ಸರ್, ಶಿರಗುಪ್ಪಿಯಲ್ಲಿದೆ."

ಹಿಂದಿನ ಬೆಂಚಿನಲ್ಲಿ ಯಾರೋ ಕಿಸಕ್ಕೆಂದರು. ನಗುವಂಥದ್ದೇ. ಬಸ್ಸು ಹತ್ತಿದರೆ ಸಿಗುವ ಊರನ್ನು ನಾನು ಕಾಶಿಯ ಹಾಗೆ ಹೇಳಿದ್ದೆ.

ಚಾಚಾ ಬೇಡ ಬೇಡವೆಂದರೂ ಗೌಡರಿಗೆ ಸಮನ್ಸ್ ಕಳಿಸಿದೆ. ಗೌಡರು ಬಂದರು. ಹೊಲದ ಪಹಣಿ-ಉತಾರಗಳ ಜೊತೆ ಪ್ಲಾಸ್ಟಿಕ್ ಚೀಲದಲ್ಲಿ ಜೋಪಾನವಾಗಿಟ್ಟಿದ್ದ ಕಾಗದ ತೆಗೆದುಕೊಟ್ಟರು. ತಮಗೇ ಬಂದದ್ದು, ತಾವೇ ಓದಿದ್ದು ಎಂದರು. ಚಾಚಾರ ಕಡೆ ಮಾತ್ರ ನೋಡಲಿಲ್ಲ. ಕಾಗದಕ್ಕೆ ನಿಶಾನೆ ಬಿತ್ತು, ನಾನು ಲೋಕ ಗೆದ್ದವಳ ಹಾಗೆ ಕರಿ ಗೌನು ಸರಿಮಾಡಿಕೊಂಡೆ.

ಆಗ ಎದುರು ವಕೀಲರು ಬೆಣ್ಣೆಯಂಥ ದನಿಯಲ್ಲಿ ಕೇಳಿದರು: "ಇಷ್ಟ ವರ್ಷದ ಗುರುತು. ಇದನ್ನ ನೀವೇನ್ ನಂಬಿರಲಿಕ್ಕಿಲ್ಲ, ಹೌದಲ್ರೀ ಗೌಡ್ರ?"

ಅವರ ಹೂಟ ನನಗೆ ತಿಳಿಯಿತು. ಓದಿದವರೇ ನಂಬದಿದ್ದ ಮೇಲೆ ಚಾಚಾರ ಮಾನ ಎಲ್ಲಿ ಹೋಯಿತು ಎಂದು ವಾದಿಸುವುದು. ಗೌಡರು ನಂಬಿದೆ ಅಂದರೆ ನಮ್ಮ ದಾವೆ ಗಟ್ಟಿ. ನಂಬಿದೆ ಅನ್ನಲಿ ದೇವರೇ ಎಂದು ನಾನು ಮನಸ್ಸಿನಲ್ಲೇ ಜಪ ಮಾಡತೊಡಗಿದೆ. ನನ್ನ ಪಕ್ಕದಲ್ಲಿ ಚಾಚಾ, ಇದೂ ಒಂದು ಕೇಳುವ ಮಾತೇ ಎಂಬಂತೆ ನಿಶ್ಚಿಂತೆಯಿಂದ ತಲೆಯಾಡಿಸುತ್ತಿದ್ದರು.

ಗೌಡರು ಪ್ಲಾಸ್ಟಿಕ್ ಚೀಲವನ್ನು ಮಡಚುತ್ತ ಹೇಳಿದರು: "ಸುಳ್ಳ ಹೇಳಾಂಗಿಲ್ರಿ. ನಂಬಿದ್ನಿ. ಅದಕ್ಕ ಚಾಚಾನ ಅಂಗಡಿ ಬಿಟ್ಟೆ. ಎರಡ ವರ್ಷ ಆತು, ಬ್ಯಾರೆ ಕಡೆ ಕಟ್ಟಸಾಕತ್ತೇನಿ."

ಚಾಚಾರ ತಲೆಯಾಟ ನಿಂತಿತು.

ಹೊರಗೆ ಬಂದ ಮೇಲೆ ನಾನು, "ಗೆದ್ದಂಗ ಆತು ಚಾಚಾ" ಎಂದೆ. ಇಂಥ ಹೊತ್ತಿನಲ್ಲಿ ಬಾಯಿ ಮುಚ್ಚಿಕೊಂಡಿರುವುದು ನನಗೆ ಇವತ್ತಿಗೂ ಬಂದಿಲ್ಲ. ಮುಂದೆ ದಾವೆ ನಮ್ಮ ಕಡೆಗೇ ಆಯಿತು, ಅದು ಬೇರೆ ಮಾತು.

"ಕಾಗದ ಸುಳ್ಳು ಅಂತ ಅನಸ್ರಿ ಅಂತ ಬಂದಿದ್ದೆ ಮೇಡಂ," ಎಂದರು ಚಾಚಾ. "ಗೌಡ್ರು ನಂಬಿದ್ದು ಖರೇ ಅಂತ ಅನಿಸಿದ್ರಿ."

ನನಗೆ ನಾಚಿಕೆಯಾಯಿತು. ಕರೆಸಬೇಡಿ ಎಂದು ಅವರು ಅಷ್ಟು ಸಲ ಹೇಳಿದ್ದು ಹೆಮ್ಮೆಯಿಂದಲೋ ಹೆದರಿಕೆಯಿಂದಲೋ ಎಂದು ನಾನು ಒಮ್ಮೆಯೂ ಯೋಚಿಸಿರಲಿಲ್ಲ.

ಗೌಡರು ಮೆಟ್ಟಿಲ ಹತ್ತಿರ ಹೋಗಲೂ ಆಗದೆ, ಬರಲೂ ಆಗದೆ ನಿಂತಿದ್ದರು. ಚಾಚಾ ಸ್ವಲ್ಪ ಹೊತ್ತು ಅವರನ್ನು ನೋಡಿ, ತಾವೇ ಹತ್ತಿರ ಹೋದರು.

"ಮೋಟಾರ ಹೆಂಗ ನಡದೈತ್ರಿ ಗೌಡ್ರ?"

"ಎರಡ ಸಲ ಸುಟ್ಟೈತಿ ಚಾಚಾ."

"ಸುಡಲಾರದ ಏನ್ ಮಾಡೀತು! ಸೋಮವಾರ ತಗೊಂಡ ಬರ್ರಿ." ಗೌಡರ ಮುಖ ಅರಳುವಷ್ಟರಲ್ಲಿ ಚಾಚಾ ಇನ್ನೊಂದು ಮಾತು ಸೇರಿಸಿದರು. "ತಂತಿ ಸುತ್ತೂಮುಂದ ಅಲ್ಲೇ ಕುಂತ ನೋಡ್ರಿ ಮತ್ತ."

ಇಪ್ಪತ್ತು ವರ್ಷದಲ್ಲಿ ಗೌಡರು ಒಮ್ಮೆಯೂ ಹಾಗೆ ಕೂತು ನೋಡಿರಲಿಲ್ಲವಂತೆ.