ಅಣ್ಣನ ಗಾಡಿಗೆ ಹಾಕಿದ ಫೈಲು

ಆದವಾನಿಯಲ್ಲಿ ನನ್ನ ಕಸುಬು ಏನೆಂದು ಕೇಳಿದವರಿಗೆಲ್ಲ ಹೇಳಿ ಹೇಳಿ ಸಾಕಾಗಿದೆ. ಇಂಜಿನ್ನಿಗೆ ಎಷ್ಟು ಡೀಸೆಲ್, ಎಷ್ಟು ಗಾಳಿ ಎಂದು ತೀರ್ಮಾನಿಸುವ ಪುಟ್ಟ ಕಂಪ್ಯೂಟರ್ ಈಗಿನ ಗಾಡಿಗಳಲ್ಲಿರುತ್ತದೆ. ಅದರೊಳಗಿನದನ್ನು ಲ್ಯಾಪ್‌ಟಾಪಿಗೆ ಇಳಿಸಿಕೊಂಡು, ತಿದ್ದಿ, ಮತ್ತೆ ಏರಿಸುತ್ತೇನೆ. ಹತ್ತಿಯಿಂದ ಬೀಜ ಬಿಡಿಸುವ ಜಿನ್ನಿಂಗ್ ಮಿಲ್ಲುಗಳ ರಸ್ತೆಯ ಶೆಡ್ಡಿನಲ್ಲಿ ನಾನೊಬ್ಬನೇ. ಮೆಕ್ಯಾನಿಕ್ಕುಗಳು ನನ್ನನ್ನು ಮೆಕ್ಯಾನಿಕ್ ಎನ್ನುವುದಿಲ್ಲ, ಕಂಪ್ಯೂಟರಿನವರು ಗ್ರೀಸ್ ಹತ್ತಿದ ಕೈಯವನನ್ನು ಹತ್ತಿರ ಸೇರಿಸುವುದಿಲ್ಲ.

ನನ್ನ ಮಾತು ಕೇಳುತ್ತಿದ್ದವನು ಅಣ್ಣ ಒಬ್ಬ. ಹೊಳಗುಂದ, ಆಸ್ಪರಿ ಕಡೆಯಿಂದ ಹತ್ತಿ ತರುವ ಗೂಡ್ಸ್ ಗಾಡಿ ಅವನದು. ಲೋಡ್ ಇಳಿಸಿ ಶೆಡ್ಡಿಗೆ ಬಂದು ಕೂರುತ್ತಿದ್ದ. ಡೆಫಿನಿಷನ್ ಫೈಲ್ ಎಂದರೇನೆಂದು ನಾನು ಉತ್ಸಾಹದಿಂದ ಹೇಳುತ್ತಿದ್ದೆ: ಗಾಡಿಯಿಂದ ಇಳಿಸಿದ್ದು ಬರೀ ಅಂಕಿಗಳ ರಾಶಿ, ಅದರಲ್ಲಿ ಡೀಸೆಲಿನ ಕೋಷ್ಟಕ ಎಲ್ಲಿ, ಗಾಳಿಯದು ಎಲ್ಲಿ ಎಂದು ತೋರಿಸುವುದು ಈ ಫೈಲು, ಹೊಲಕ್ಕೆ ಸರ್ವೆ ನಕ್ಷೆ ಇದ್ದ ಹಾಗೆ. ಅರ್ಧ ತಿಳಿದರೂ ಅವನು ಪೂರ್ತಿ ತಲೆಯಾಡಿಸುತ್ತಿದ್ದ. ಸ್ಟ್ಯಾಂಡಿನ ಡ್ರೈವರುಗಳ ಮುಂದೆ, "ಹಿತ್ತಲ ಗಿಡ ಮದ್ದಲ್ಲ ಅಂತಾರ. ನಮ್ಮ ಮನ್ಯಾಗ ಹಂಗಲ್ಲ ನೋಡ್ರಿ, ತಮ್ಮನ ಕೈ ಹತ್ತಿದ್ರ ಗಾಡಿ ಹಾರತೈತಿ," ಎನ್ನುತ್ತಿದ್ದ.

ಒಂದು ದಿನ ತನ್ನ ಗಾಡಿಯನ್ನೇ ತಂದು ನಿಲ್ಲಿಸಿದ. "ಏರಿಗೆ ಬಂದ್ರ ಲೋಡ್ ಎಳೀವಲ್ದು ಲೇ. ಪಿಕಪ್ ಹೆಚ್ಚು ಮಾಡು."

ಗಿರಾಕಿಗಳ ಗಾಡಿಯಾದರೆ ಅದರ ಸಾಫ್ಟ್‌ವೇರ್ ನಂಬರನ್ನೂ ಡೆಫಿನಿಷನ್ ಫೈಲಿನ ನಂಬರನ್ನೂ ಕೊನೆಯ ಅಂಕಿಯವರೆಗೆ ತಾಳೆ ನೋಡುತ್ತೇನೆ. ಅಣ್ಣನದಲ್ಲವೇ ಎಂದು, ಹಿಂದಿನ ವಾರ ಅದೇ ಮಾಡೆಲ್ಲಿಗೆ ಬಳಸಿದ ಫೈಲನ್ನೇ ತೆರೆದೆ. ಮೊದಲ ಎರಡು ಕೋಷ್ಟಕ ಸರಿಯಾಗಿಯೇ ಕಂಡವು. ಮೂರನೆಯದು ಈ ಗಾಡಿಯಲ್ಲಿ ಬೇರೆ ಜಾಗದಲ್ಲಿತ್ತು, ಅದನ್ನು ಗಮನಿಸದೆ ನಾನು ತಿದ್ದಿದ್ದು ಇನ್ನಾವುದೋ ಕೋಷ್ಟಕವನ್ನು. ನಾಲ್ಕನೇ ದಿನ ಏರಿನಲ್ಲಿ, ತುಂಬಿದ ಲೋಡಿನೊಂದಿಗೆ, ಪಿಸ್ಟನ್ ಕರಗಿ ಇಂಜಿನ್ ನಿಂತಿತು.

ತಪ್ಪು ನನ್ನದೇ ಎಂದು ಹೋಗಿ ಹೇಳಿದೆ. "ಸರೇ ಬಿಡು, ಮಷಿನ್ ಅಂದ ಮ್ಯಾಲೆ ಆಗತೈತಿ," ಎಂದ ಅಣ್ಣ. ಇಂಜಿನ್ನನ್ನು ಬೇರೆ ಕಡೆ ಕಟ್ಟಿಸಿದ. ಶೆಡ್ಡಿಗೆ ಬರುವುದನ್ನು ನಿಲ್ಲಿಸಿದ. ನಾಲ್ಕು ಬೈದು ಮುಗಿಸಬಾರದಿತ್ತೇ ಎಂದು ನನಗೆ ಅವನ ಮೇಲೆಯೇ ಸಿಟ್ಟು ಬರುತ್ತಿತ್ತು. ಹಬ್ಬಕ್ಕೆ ಊರಿಗೆ ಹೋದರೆ ಮಳೆಯ ಮಾತು, ಜೋಳದ ಮಾತು, ಮಕ್ಕಳ ಶಾಲೆಯ ಮಾತು. ನನ್ನ ಕೆಲಸದ ಮಾತು ಮಾತ್ರ ಅವನು ಎತ್ತುವುದಿಲ್ಲ. ಎಲ್ಲೂ ಸಿಗದ ಡೆಫಿನಿಷನ್ ಫೈಲೊಂದನ್ನು ತಿಂಗಳುಗಟ್ಟಲೆ ಕೂತು ನಾನೇ ಕಟ್ಟಿದೆ. ಮುಗಿದ ದಿನ ಹೇಳಿಕೊಳ್ಳಲು ಒಬ್ಬರೂ ಇರಲಿಲ್ಲ. ಶಟರ್ ಎಳೆದು, ಸ್ಟೇಷನ್ನಿನ ಬೆಂಚಿನ ಮೇಲೆ ಎರಡು ರೈಲು ಹೋಗುವವರೆಗೆ ಕೂತು ಬಂದೆ.

ಕಳೆದ ತಿಂಗಳು ಅಣ್ಣ ತಾನಾಗಿ ಗಾಡಿ ತಂದ. ನನಗೆ ಕಾಲು ನೆಲದ ಮೇಲೆ ನಿಲ್ಲಲಿಲ್ಲ, ಲ್ಯಾಪ್‌ಟಾಪಿನ ಕೇಬಲ್ ಹಿಡಿದು ಓಡಿದೆ.

"ಅದು ಬ್ಯಾಡಪ್ಪ. ಏರ್ ಫಿಲ್ಟರ್ ಅಷ್ಟ ಬದಲಿ ಮಾಡು."

ಬದಲಿಸಿ, ಬಾನೆಟ್ ಮುಚ್ಚಿ, ಕೈ ಒರೆಸಿಕೊಂಡೆ. ಅಣ್ಣ ಬಾನೆಟ್ಟನ್ನು ಮತ್ತೆ ಎತ್ತಿ, ಫಿಲ್ಟರಿನ ಕ್ಲಿಪ್ಪುಗಳನ್ನು ಒಂದೊಂದಾಗಿ ಒತ್ತಿ ನೋಡಿದ.