ಮಾನೆ ಕಾಕಾ ಆಟ ಬಂದ್ ಮಾಡಲು ಕಲಿತ ಬೇಸಿಗೆ

ಆಗಿನ ಆಟಗಳಿಗೆ ತಾವಾಗಿ ಏನನ್ನೂ ನೆನಪಿಟ್ಟುಕೊಳ್ಳುವ ಬುದ್ಧಿ ಇರಲಿಲ್ಲ. ಎಲ್ಲಿಯವರೆಗೆ ಆಡಿದ್ದೇವೋ ಅದನ್ನು ನಾವೇ ಸೇವ್ ಮಾಡಬೇಕು, ಅದು ಮುಗಿಯುವವರೆಗೆ ನಾವೇ ಕಾಯಬೇಕು, ಆಮೇಲೆ ಹೊರಗೆ ಬರಬೇಕು. ಈಗಿನ ಮಕ್ಕಳು ಫೋನಿನ ಮೇಲೆ ಬೆರಳು ಸರಿಸಿ ಎದ್ದು ಹೋಗುತ್ತಾರೆ, ನಾಳೆ ಆಟ ಬಿಟ್ಟಲ್ಲಿಯೇ ಸಿಗುತ್ತದೆ. ನಮ್ಮ ಕಾಲದಲ್ಲಿ ಹಾಗೆ ಎದ್ದು ಹೋದವರು ಮರುದಿನ ಮೂಗು ಒರೆಸಿಕೊಳ್ಳುತ್ತ ಮೊದಲಿನಿಂದ ಶುರು ಮಾಡುತ್ತಿದ್ದರು. ಕೈಯಲ್ಲಿ ಹಿಡಿದು ಆಡುವ ಆ ಗೇಮ್ ಇದ್ದವರಿಗೆ ನಾನು ಹೇಳುವುದು ಗೊತ್ತಾಗುತ್ತದೆ.

ನಮ್ಮ ಮನೆ ಡೊಂಬಿವಲಿ ಪೂರ್ವದಲ್ಲಿ, ಲಿಫ್ಟಿಲ್ಲದ ಒಂದು ಕಟ್ಟಡದಲ್ಲಿತ್ತು. ಅಪ್ಪ ವಿಜಯಪುರದ ಕಡೆಯವನು, ಅಂಬರನಾಥದ ಒಂದು ಕೆಮಿಕಲ್ ಕಾರ್ಖಾನೆಯಲ್ಲಿ ಬಾಯ್ಲರ್ ನೋಡಿಕೊಳ್ಳುತ್ತಿದ್ದ. ಅವನ ಜೊತೆಗೆ ಅದೇ ಬಾಯ್ಲರಿನ ಮೇಲೆ ಕೆಲಸ ಮಾಡುತ್ತಿದ್ದವರು ಮಾನೆ ಕಾಕಾ. ಅವರ ಊರು ಅಕ್ಕಲಕೋಟೆ. ಹೀಗಾಗಿ ಅವರ ಬಾಯಲ್ಲಿ ಕನ್ನಡವೂ ಮರಾಠಿಯೂ ಒಂದೇ ತಾಟಿನಲ್ಲಿ ಕಲಸಿದ ಅನ್ನ ಸಾರಿನ ಹಾಗೆ ಬರುತ್ತಿದ್ದವು. ಹೆಂಡತಿ ಊರಿನಲ್ಲಿದ್ದರು, ಕಾಕಾ ಇಲ್ಲಿ ಒಂಟಿ ಖೋಲಿಯಲ್ಲಿ. ಭಾನುವಾರದ ಊಟ ಮಾತ್ರ ನಮ್ಮಲ್ಲಿ. ಅವ್ವನ ಜೋಳದ ರೊಟ್ಟಿ, ಎಣ್ಣೆಗಾಯಿ, ಶೇಂಗಾ ಹಿಂಡಿ ಎಂದರೆ ಅವರು ಬೆಳಗಿನ ಚಹಾವನ್ನೂ ಬಿಟ್ಟು ಬರುತ್ತಿದ್ದರು.

ಆ ಗೇಮ್ ತಂದುಕೊಟ್ಟವರೂ ಅವರೇ. ಉಲ್ಲಾಸನಗರದ ಬಜಾರಿನಲ್ಲಿ ಯಾರೋ ಆಡಿ ಬಿಟ್ಟದ್ದು, ಕಪ್ಪು ಬಣ್ಣದ್ದು, ಒಂದು ಮೂಲೆ ಸೀಳಿತ್ತು. ಬ್ಯಾಟರಿಯ ಮುಚ್ಚಳ ನಿಲ್ಲದೆ ಅದಕ್ಕೆ ರಬ್ಬರ್ ಬ್ಯಾಂಡ್ ಹಾಕಬೇಕಾಗುತ್ತಿತ್ತು. ನನ್ನ ಅಣ್ಣ ಗಿರೀಶ ಅದನ್ನು ಮೊದಲ ದಿನ ಟವೆಲಿನಲ್ಲಿ ಸುತ್ತಿ ಮಲಗಿಸಿದ. ತಂಗಿಯಾಗಿ ನಾನು ಹುಟ್ಟಿದಾಗ ಅವನು ನನಗೆ ಅಷ್ಟು ಮರ್ಯಾದೆ ಕೊಟ್ಟಿರಲಿಕ್ಕಿಲ್ಲ.

ಅದನ್ನು ಬಂದ್ ಮಾಡಲು ಗಿರೀಶನದೊಂದು ಶಾಸ್ತ್ರವಿತ್ತು. ಮೊದಲು ಆಟದೊಳಗೇ ಸೇವ್ ಮಾಡಬೇಕು. ಆಗ ಎಡಬದಿಯಲ್ಲಿ ಒಂದು ಕೇಸರಿ ದೀಪ ಮಿಣುಕುತ್ತದೆ. ಅದು ಮಿಣುಕುವಾಗ ಯಾವ ಗುಂಡಿಯನ್ನೂ ಮುಟ್ಟಬಾರದು, ಸೇವ್ ಮಾಡಿದ್ದನ್ನು ಇಟ್ಟುಕೊಳ್ಳುವ ಪುಟ್ಟ ಕಾರ್ಡನ್ನು ಎಳೆಯಬಾರದು, ಉಸಿರು ಜೋರಾಗಿ ಬಿಟ್ಟರೂ ಅವನು ಕಣ್ಣು ಬಿಡುತ್ತಿದ್ದ. ದೀಪ ನಿಂತ ಮೇಲೆ ಕೆಳಗಿನ ಗುಂಡಿ ಒತ್ತಿದರೆ, ಆಟ ಬಿಡುವಿರಾ ಎಂದು ಅದು ಕೇಳುತ್ತದೆ. ಹೌದು ಎನ್ನಬೇಕು. ಹೊರಗಿನ ಪರದೆ ಬಂದ ಮೇಲೆ ಬಲಬದಿಯ ಸ್ವಿಚ್ಚನ್ನು ಮೇಲೆ ತಳ್ಳಿ, ಹಸಿರು ದೀಪ ಆರುವವರೆಗೆ ಹಿಡಿದಿರಬೇಕು. ಸುಮ್ಮನೆ ತಳ್ಳಿ ಬಿಟ್ಟರೆ ಅದು ಸಾಯುವುದಿಲ್ಲ, ನಿದ್ದೆ ಹೋಗುತ್ತದೆ. ನಿದ್ದೆಯಲ್ಲೇ ಬ್ಯಾಟರಿ ತಿಂದು ಮುಗಿಸುತ್ತದೆ.

ಅಪ್ಪ ಒಮ್ಮೆ ಇದನ್ನೆಲ್ಲ ನಿಂತು ಕೇಳಿ, ಪರೀಕ್ಷೆಯ ಅಂಕಗಳಿಗಾಗಿ ಎಂದೂ ಮೆಚ್ಚದ ಮಗನ ಬೆನ್ನು ತಟ್ಟಿದ.

“ಶಾಣ್ಯಾ ಅದೀ. ಬಾಯ್ಲರೂ ಹಿಂಗ. ಬೆಂಕಿ ನಿಲ್ಲಸೂದು, ನೀರು ಬಿಡೂದು, ಗೇಜಿನ ಮುಳ್ಳು ತಳಕ್ಕ ಇಳಿಯೂ ತನಕ ಅದರ ಮುಂದ ನಿಂದ್ರೂದು. ಯಾವ ಮಷೀನೂ ನಡುವ ಬಿಟ್ಟ ಓಡಬಾರದು.”

ಓಡುವವರು ಮಾನೆ ಕಾಕಾ. ಊಟ ಬಲ್ಲವನಿಗೆ ರೋಗವಿಲ್ಲ, ಮಾತು ಬಲ್ಲವನಿಗೆ ಜಗಳವಿಲ್ಲ ಎನ್ನುತ್ತಾರಲ್ಲ, ಕಾಕಾಗೆ ಊಟವೂ ಗೊತ್ತಿತ್ತು, ಮಾತೂ ಗೊತ್ತಿತ್ತು. ಕಾಯುವುದೊಂದು ಗೊತ್ತಿರಲಿಲ್ಲ. ಚಹಾ ಕುದಿಯುವ ಮುಂಚೆಯೇ ಕಪ್ಪು ಹಿಡಿದು ಅಡುಗೆಮನೆಯ ಬಾಗಿಲಲ್ಲಿ ನಿಲ್ಲುತ್ತಿದ್ದರು. ಲೋಕಲ್ ನಿಲ್ಲುವ ಮುಂಚೆಯೇ ಇಳಿಯುತ್ತಿದ್ದರು. ಭಾನುವಾರ ಕಿಟಕಿಯ ಕಟ್ಟೆಯ ಮೇಲೆ ಕುಳಿತು ಕಾರಿನ ರೇಸ್ ಆಡುವರು. ಅವ್ವ “ಭಾವೋಜಿ, ಊಟಕ್ಕ ಬರ್ರಿ” ಎಂದ ಕೂಡಲೇ, ಕೇಸರಿ ದೀಪ ಮಿಣುಕುತ್ತಿರಲಿ ಬಿಡಲಿ, ರಬ್ಬರ್ ಬ್ಯಾಂಡ್ ಸರಿಸಿ ಬ್ಯಾಟರಿಯನ್ನೇ ಕಿತ್ತು ಏಳುವರು. ಎರಡು ಸಲ ಗಿರೀಶನ ಆಟವೆಲ್ಲ ಅಳಿಸಿಹೋಯಿತು. ಅವನು ಗೋಡೆಗೆ ತಲೆ ಆನಿಸಿ ಅಳುತ್ತಿದ್ದ.

“ಅರೇ ಬಾಳಾ, ರೋಟಿ ಥಂಡ ಆಗ್ತಾವ,” ಎನ್ನುವರು ಕಾಕಾ. “ಆಟ ಮತ್ತ ಆಡೂಣು. ಕಾಯ್ ಝಾಲಂ ತ್ಯಾಲಾ, ಏನಾತು ಅದಕ್ಕ?”

ಅಪ್ಪ ಮಾತ್ರ ನಗಲಿಲ್ಲ. ಕಾಕಾ ಕಾರ್ಖಾನೆಯಲ್ಲೂ ಹೀಗೆಯೇ, ಡ್ಯೂಟಿ ಮುಗಿಯಿತೆಂದರೆ ವಾಲ್ವ್ ಅರ್ಧ ತಿರುಗಿಸಿ ಟ್ರೇನಿಗೆ ಓಡುತ್ತಾರೆ ಎಂದು ಅವನು ಅವ್ವನ ಮುಂದೆ ಹೇಳಿಕೊಂಡದ್ದನ್ನು ನಾವು ಕೇಳಿದ್ದೆವು. ಎರಡನೆಯ ಸಲ ಆಟ ಅಳಿಸಿಹೋದ ಭಾನುವಾರದಿಂದ ಅವನು ಕಾಕಾನ ಪಕ್ಕದಲ್ಲೇ ಕೂರತೊಡಗಿದ. ಆಟ ಬಿಡುವ ಹೊತ್ತಿಗೆ ಅವರ ಮಣಿಕಟ್ಟು ಹಿಡಿಯುತ್ತಿದ್ದ.

“ದೀಪ ನಿಲ್ಲಲಿ ಮಾನೆ.”

“ಅಣ್ಣಾ, ಹಸಿವು ಆಗೇತಿ.”

“ಆಗಲಿ. ದೀಪ ನಿಲ್ಲಲಿ.”

ನಮಗೆ ಅದೊಂದು ಹೊಸ ಆಟ. ಇಬ್ಬರು ಮೀಸೆಯ ಗಂಡಸರು ಒಬ್ಬರ ಕೈ ಒಬ್ಬರು ಹಿಡಿದು, ಒಂದು ಹೆಸರುಬೇಳೆಯಷ್ಟು ದೀಪವನ್ನು ದಿಟ್ಟಿಸುತ್ತ ಕೂರುವುದು. ನಾನೂ ಗಿರೀಶನೂ ಬಾಯಿ ಮುಚ್ಚಿಕೊಂಡು ನಗುತ್ತಿದ್ದೆವು.

ಆ ಬೇಸಿಗೆಯಲ್ಲಿ ನಾವು ಊರಿಗೆ ಹೋಗಲಿಲ್ಲ. ಅಪ್ಪನಿಗೆ ರಜೆ ಸಿಗಲಿಲ್ಲ, ಕಾರ್ಖಾನೆಗೆ ದೊಡ್ಡ ಆರ್ಡರ್ ಬಂದಿತ್ತು. ಮೇ ತಿಂಗಳ ಡೊಂಬಿವಲಿ ನಿಮಗೆ ಗೊತ್ತಿದ್ದರೆ ಗೊತ್ತು. ಸಂಜೆ ಗಾಳಿ ತಿರುಗಿದರೆ ಕಾರ್ಖಾನೆಗಳ ಕಡೆಯಿಂದ ಕೊಳೆತ ಮೊಟ್ಟೆಯ ವಾಸನೆ ಬರುತ್ತಿತ್ತು. ಅವ್ವ ಕೈರಿ ಪನ್ಹೆ ಎಂಬ ಮಾವಿನಕಾಯಿ ಪಾನಕದ ಪಾತ್ರೆಗೆ ಎರಡೆರಡು ಮುಚ್ಚಳ ಮುಚ್ಚುತ್ತಿದ್ದಳು. ಆದರೂ ಬಾಯಿಗೆ ಇಟ್ಟಾಗ ಏಲಕ್ಕಿಯ ಹಿಂದೆ ಆ ವಾಸನೆಯೇ ಇರುತ್ತಿತ್ತು. ಶುಕ್ರವಾರ ಹಗಲಿಡೀ ಕರೆಂಟ್ ಇರುತ್ತಿರಲಿಲ್ಲ. ಲಗೋರಿ ಆಡಲು ಹೋದರೆ ಅಂಗಳದ ಕಲ್ಲು ಕಾದು ಅಂಗಾಲು ಸುಡುತ್ತಿತ್ತು.

ಗೇಮಿನ ಕಾರ್ಡಿಗೂ ವಯಸ್ಸಾಗುತ್ತಿತ್ತು. ಮೊದಲು ಕಣ್ಣು ಪಿಳುಕಿಸುವಷ್ಟರಲ್ಲಿ ನಿಲ್ಲುತ್ತಿದ್ದ ದೀಪ ಈಗ ಬಹಳ ಹೊತ್ತು ಮಿಣುಕುತ್ತಿತ್ತು. ಒಮ್ಮೊಮ್ಮೆ ನಿಂತೇಹೋಯಿತು ಎನ್ನುವಾಗ ಮತ್ತೆ ಶುರುವಾಗುತ್ತಿತ್ತು. ಗಿರೀಶ ಅದನ್ನು ನೋಡುತ್ತ ಉಗುರು ಕಚ್ಚುತ್ತಿದ್ದ.

ಅಪ್ಪನೂ ಬದಲಾಗಿದ್ದ. ಊಟದ ನಡುವೆ ಕೈ ನಿಲ್ಲಿಸಿ ಏನೋ ಕೇಳಿಸಿಕೊಳ್ಳುವವನಂತೆ ಕೂರುತ್ತಿದ್ದ. ಒಂದು ದಿನ ಅವ್ವ ಕೇಳಿಯೇಬಿಟ್ಟಳು.

“ಬ್ಯಾರೆ ಕಡೆ ಕೆಲಸ ನೋಡಬಾರದ? ನಿಮ್ಮ ಬಾಯ್ಲರಿನ ಕನಸು ನನಗ ಬೀಳಾಕತ್ತೈತಿ.”

“ಬಾಯ್ಲರಿಂದ ಏನೂ ಆಗಂಗಿಲ್ಲ. ಅದು ನನ್ನ ಕೈಯಾಗಿಂದು,” ಎಂದ ಅಪ್ಪ. “ಬಾಜೂ ಶೆಡ್ಡಿನಾಗ ಟ್ಯಾಂಕ್ ಐತಲ್ಲ, ಅದರ ಭರವಸೆ ನನಗಿಲ್ಲ. ಸೀಟಿ ಹೊಡದಂಗ ಸಪ್ಪಳ ಮಾಡತೈತಿ. ಹೇಳಿದ್ರ ಸಾಹೇಬ ಆರ್ಡರ್ ಮುಗೀಲಿ ಅಂತಾನ.”

ಅಂದಿನಿಂದ ಸಂಜೆಯಾದರೆ ನಾವಿಬ್ಬರೂ ಮೆಟ್ಟಿಲಿನ ಸದ್ದಿಗೆ ಕಿವಿ ಕೊಡುತ್ತಿದ್ದೆವು. ಅಪ್ಪನ ಚಪ್ಪಲಿ ಕೇಳಿಸುವವರೆಗೆ ಆಟವೂ ರುಚಿಸುತ್ತಿರಲಿಲ್ಲ. ಅವ್ವ ದಿನಾ ಬೆಳಿಗ್ಗೆ ಅವನ ಬಾಯಿಂದ “ಹೋಗಿ ಬರ್ತೀನಿ” ಎಂದು ಅನ್ನಿಸಿಯೇ ಡಬ್ಬಿ ಕೊಡುತ್ತಿದ್ದಳು. ಬರೀ “ಹೊಂಟೆ” ಎಂದರೆ ಡಬ್ಬಿಯನ್ನು ಕೈಯಿಂದ ಬಿಡುತ್ತಿರಲಿಲ್ಲ.

ಮಾನೆ ಕಾಕಾ ಮಾತ್ರ ಆ ಬೇಸಿಗೆಯಲ್ಲಿ ಪಾಸಾದರು. ಕೊನೆಯ ಭಾನುವಾರ ಅವ್ವ ಊಟಕ್ಕೆ ಕರೆದಳು, ಅವರು ಏಳಲಿಲ್ಲ. ಅಪ್ಪ ಅವರ ಕೈ ಹಿಡಿದಿರಲಿಲ್ಲ, ಬಚ್ಚಲಲ್ಲಿದ್ದ. ಕೇಸರಿ ದೀಪ ಮಿಣುಕುತ್ತಲೇ ಇತ್ತು, ಕಾಕಾ ಗೇಮನ್ನು ಎರಡೂ ಕೈಯಲ್ಲಿ ಹಿಡಿದು ಅಲುಗಾಡದೆ ಕೂತಿದ್ದರು. ರೊಟ್ಟಿ ಆರಿತು. ಅವ್ವ ಮತ್ತೊಮ್ಮೆ ಕರೆದಳು.

“ಥಾಂಬಾ ವೈನಿ, ತಡೀರಿ, ದೀಪ ನಿಲ್ಲಲಿ!” ಎಂದು ಕೂಗಿದರು. ನಿಂತ ಮೇಲೆ ಗಿರೀಶನ ಕಡೆ ತಿರುಗಿ, ಎದೆಯುಬ್ಬಿಸಿ, “ಬಘ್, ಶಿಕಲೋ ಕೀ ನಾಹೀ? ಕಲತೆನೋ ಇಲ್ಲೋ?” ಎಂದರು. ಬಚ್ಚಲಿನಿಂದ ಬಂದ ಅಪ್ಪ ಅವರ ತಾಟಿಗೆ ತಾನೇ ತುಪ್ಪ ಬಡಿಸಿದ. ನಾವೆಲ್ಲ ಬಹಳ ಖುಷಿಪಟ್ಟೆವು.

ಅದೇ ವಾರ, ಕರೆಂಟಿಲ್ಲದ ಶುಕ್ರವಾರದ ಮಧ್ಯಾಹ್ನ. ನಾವು ತಣ್ಣನೆಯ ನೆಲಕ್ಕೆ ಹೊಟ್ಟೆ ಹಚ್ಚಿ ಮಲಗಿದ್ದೆವು. ಕಿಟಕಿಯ ಗಾಜು ಝಣ್ ಎಂದಿತು. ಸಪ್ಪಳ ಆಮೇಲೆ ಬಂದಿತು, ದೂರದಲ್ಲಿ ಯಾರೋ ಗೋದಾಮಿನ ಬಾಗಿಲನ್ನು ಒದ್ದು ಮುಚ್ಚಿದಂತೆ. ಕಾಗೆಗಳೆಲ್ಲ ಒಮ್ಮೆಲೇ ಎದ್ದವು. ಅವ್ವ ಹಿಟ್ಟಿನ ಕೈಯಲ್ಲೇ ಹೊರಗೆ ಬಂದಳು. ಎದುರು ಮನೆಯಾಕೆ ಗ್ಯಾಲರಿಯಿಂದ “ಅಂಬರನಾಥ ಮೇ ಕುಛ್ ಹುವಾ ಹೈ” ಎಂದಳು. ಅವ್ವ ಅಲ್ಲೇ ಹೊಸ್ತಿಲ ಮೇಲೆ ಕುಸಿದು ಕೂತಳು. ಅಪ್ಪನ ಫೋನ್ ಹತ್ತುತ್ತಿರಲಿಲ್ಲ. ಅವಳ ಬೆರಳಿನ ಹಿಟ್ಟು ಒಣಗಿ ಉದುರಿತು, ಆಕೆ ಅದೇ ನಂಬರನ್ನು ಒತ್ತುತ್ತಲೇ ಇದ್ದಳು.

ದೀಪ ಹಚ್ಚುವ ಹೊತ್ತಿಗೆ ಅಪ್ಪ ಬಂದ. ಚಪ್ಪಲಿಯ ಸದ್ದಿಲ್ಲ, ಬರಿಗಾಲು. ತಲೆಯಿಂದ ಹುಬ್ಬಿನವರೆಗೆ ಬೂದಿಯಂಥ ಬಿಳಿ ಪುಡಿ. ನಾನು ಹೋಗಿ ಕಾಲು ತಬ್ಬಿಕೊಂಡೆ. ಗಿರೀಶ ಅತ್ತ, ಅವ್ವ ಅತ್ತಳು, ನಮಗೆ ಲೋಕವೇ ವಾಪಸು ಬಂದಂತಾಗಿತ್ತು. ಅಪ್ಪ ನಮ್ಮ ತಲೆ ಮುಟ್ಟಲಿಲ್ಲ.

“ಹಿಂದ ಬರಾಕತ್ತಾನ ಅಂತ ತಿಳಕೊಂಡಿದ್ದೆ,” ಎಂದ. “ಮಾನೆ ನನ್ನ ಹಿಂದ ಬರಾಕತ್ತಾನ ಅಂತ.”

ಟ್ಯಾಂಕ್ ಸಿಡಿದಿತ್ತು. ಬಾಯ್ಲರಿಗೆ ಏನೂ ಆಗಿರಲಿಲ್ಲ. ಬೆಂಕಿ ನಿಂತಿತ್ತು, ನೀರು ಬಿಟ್ಟಾಗಿತ್ತು, ಮುಳ್ಳು ತಳಕ್ಕೆ ಇಳಿದಿತ್ತಂತೆ. ಅದೂ ಸಿಡಿದಿದ್ದರೆ ಗೇಟಿನ ಕಡೆ ಓಡುತ್ತಿದ್ದವರು ಯಾರೂ ಉಳಿಯುತ್ತಿರಲಿಲ್ಲ ಎಂದು ನೋಡಿದವರೆಲ್ಲ ಹೇಳಿದರು. ಹಾಗೆ ಓಡಿದವರಲ್ಲಿ ಅಪ್ಪನೂ ಒಬ್ಬ.

ಕೆಲವು ದಿನ ಕಳೆದು ಕಾಕಾನ ಹೆಂಡತಿ ಅಕ್ಕಲಕೋಟೆಯಿಂದ ನಮ್ಮ ಮನೆಗೆ ಬಂದರು. ಕಾಕಾ ಕೂರುತ್ತಿದ್ದ ಕಟ್ಟೆಯ ಕೆಳಗೆ, ನೆಲದ ಮೇಲೆ ಕೂತರು. ಅವ್ವ ಕೊಟ್ಟ ನೀರನ್ನು ಕುಡಿಯಲಿಲ್ಲ.

“ಅಣ್ಣಾರ, ನೀವು ಓಡಿ ಬಂದ್ರಿ. ಅವರು ಯಾಕ ಬರಲಿಲ್ಲ?”

ಅಪ್ಪ ಸುಳ್ಳು ಹೇಳಬಹುದಿತ್ತು. ಹೇಳಲಿಲ್ಲ. “ಸೈರನ್ ಆದಕೂಡ್ಲೇ ನಾ ಕೈ ಹಿಡದು ಎಳದೆ ತಂಗೀ. ಮುಳ್ಳು ಇಳೀಲಿ ಅಣ್ಣಾ, ನೀವು ನಡೀರಿ, ಬಂದೆ ಅಂದ.”

ಆಕೆ ಅಪ್ಪನ ಮುಖ ನೋಡಿದರು. ಸಿಟ್ಟಿರಲಿಲ್ಲ, ಅರ್ಥವಾಗದವರ ನೋಟ ಅದು.

“ಅವರು ಎಂದೂ ಕಾಯೂ ಮನಶ್ಯಾ ಅಲ್ಲ. ಹಾಲು ಉಕ್ಕೂ ತನಕ ಸೈತ ಒಲಿ ಮುಂದ ನಿಂತವರಲ್ಲ. ಅವರಿಗೆ ಕಾಯೂದು ಯಾರು ಕಲಿಸಿದ್ರು?”

ಗಿರೀಶ ಎದ್ದು ಅಡುಗೆಮನೆಗೆ ಹೋಗಿ, ನಲ್ಲಿ ತಿರುಗಿಸಿ, ನೀರಿನ ಸದ್ದಿನಲ್ಲಿ ಅತ್ತ. ಅಪ್ಪ ಕೂತಲ್ಲೇ ಕೂತಿದ್ದ.

ಜೂನ್ ಬಂತು, ಶಾಲೆ ಶುರುವಾಯಿತು. ಒಂದು ಸಂಜೆ ಗಿರೀಶ ಬಹಳ ದಿನಗಳ ಮೇಲೆ ಗೇಮ್ ತೆಗೆದು ಸ್ವಲ್ಪ ಆಡಿ, ಸೇವ್ ಮಾಡುತ್ತ ಕೂತಿದ್ದ. ಅವ್ವ ಊಟಕ್ಕೆ ಕರೆದಳು. “ಬಂದೆ, ದೀಪ ಇನ್ನೂ ಮಿಣುಕಾಕತ್ತೈತಿ” ಎಂದ. ಅಪ್ಪ ಒಳಕೋಣೆಯಿಂದ ಸರಸರನೆ ಬಂದ. ಗೇಮನ್ನು ಅವನ ಕೈಯಿಂದ ಕಸಿದು, ರಬ್ಬರ್ ಬ್ಯಾಂಡ್ ಹರಿದು, ಬ್ಯಾಟರಿಯನ್ನು ಕಿತ್ತು ನೆಲದ ಮೇಲಿಟ್ಟ.

“ಕರದ್ರ ಎದ್ದು ಬರಬೇಕು,” ಎಂದ. “ಏನರ ಇರಲಿ. ಅರ್ಧಕ್ಕ ಬಿಟ್ಟು ಎದ್ದು ಬರಬೇಕು. ತಿಳೀತಾ?”

ಗಿರೀಶ ಆಟ ಹೋಯಿತೆಂದು ಅಳಲಿಲ್ಲ. ಮತ್ತೆ ಅದನ್ನು ಆಡಲೂ ಇಲ್ಲ.

ಈಗ ನನ್ನ ಮನೆ ಘೋಡಬಂದರ್ ರಸ್ತೆಯಲ್ಲಿದೆ. ಅಣ್ಣ ನೆರೂಳದಲ್ಲಿದ್ದಾನೆ. ಎರಡೂ ಮನೆಗಳಲ್ಲಿ ಮಕ್ಕಳು ಹಿಂದಿ ಮಾತಾಡುತ್ತ ಫೋನಿನಲ್ಲಿ ಆಡುತ್ತಾರೆ, ಮನಸ್ಸು ಬಂದಾಗ ಎಸೆದು ಏಳುತ್ತಾರೆ. ಅವರಿಗೆ ಏನೂ ನಷ್ಟವಾಗುವುದಿಲ್ಲ. ನೋಡಿ ಹೊಟ್ಟೆಕಿಚ್ಚಾಗುತ್ತದೆ.

ಆ ಬೇಸಿಗೆಯಲ್ಲಿ ನಾವು ಕಳೆದುಕೊಂಡದ್ದು ಮಾನೆ ಕಾಕಾ ಒಬ್ಬರನ್ನೇ ಎಂದು ಬಹಳ ವರ್ಷ ತಿಳಿದಿದ್ದೆ. ಅಪ್ಪ ಬೇರೆ ಕೆಲಸ ಹಿಡಿದ, ನಿವೃತ್ತನಾದ, ಡೊಂಬಿವಲಿಯ ಮನೆಯಲ್ಲೇ ಅವ್ವನೊಂದಿಗೆ ಇದ್ದಾನೆ. ಆದರೆ ಮಗನ ಬೆನ್ನು ತಟ್ಟಿದ, ಯಾವುದನ್ನೂ ನಡುವೆ ಬಿಡಬೇಡಿ ಎಂದು ಹೇಳಿಕೊಟ್ಟ ಅಪ್ಪ ನನಗೆ ಆಮೇಲೆ ಸಿಕ್ಕಿಲ್ಲ. ಇವನು ಚಹಾವನ್ನು ಅರ್ಧ ಕುಡಿದು ಏಳುತ್ತಾನೆ, ಮಾತನ್ನು ಅರ್ಧ ಆಡಿ ಹೊರಗೆ ಹೋಗುತ್ತಾನೆ. ಕುಕ್ಕರು ಬುಸುಗುಡಲು ಶುರುಮಾಡಿದರೆ ಬರಿಗಾಲಲ್ಲೇ ಮೆಟ್ಟಿಲಿಳಿದು, ಕಟ್ಟಡದ ಗೇಟಿನ ಹೊರಗೆ ಹೋಗಿ ನಿಲ್ಲುತ್ತಾನೆ. ಅವ್ವ ಕೆಳಗೆ ಹೋಗಿ, “ಗ್ಯಾಸ್ ಬಂದ್ ಮಾಡೇನಿ, ಬರ್ರಿ ಮ್ಯಾಲೆ” ಎಂದು ಕರೆಯುತ್ತಾಳೆ. ಅವನು ಕೂಡಲೇ ಬರುವುದಿಲ್ಲ. ದಿನಾ ಒಂದೇ ಮಾತು ಕೇಳುತ್ತಾನೆ.

“ಎಲ್ಲಾರೂ ಹೊರಗ ಬಂದಾರೇನು?”